ಐತವಾರದ ಜೀಪು

ನರೋಣಾ, ತಾ. ಆಳಂದ
12 ಅಕ್ಟೋಬರ್ 1987

ಮಥುರಾಬಾಯಿಗೆ ಕಸ್ತೂರಿಬಾಯಿಯ ಶರಣು.

ಇಲ್ಲಿ ಎಲ್ಲ ಕ್ಷೇಮ ಎಂದು ಬರೆಯಬೇಕಿತ್ತು. ಕ್ಷೇಮವಿಲ್ಲ, ಹಾಗಾಗಿ ಬರೆಯುವುದಿಲ್ಲ. ಮೂರು ವರ್ಷದಿಂದ ನೀನೂ ಬರೆದಿಲ್ಲ, ನಾನೂ ಬರೆದಿಲ್ಲ. ಯಾರು ಮೊದಲು ನಿಲ್ಲಿಸಿದರು ಎಂಬ ಜಗಳ ಇವತ್ತು ಬೇಡ. ನಮ್ಮವರು ತೀರಿಕೊಂಡಾಗ ನೀನು ಬರಲಿಲ್ಲ ಎಂಬುದನ್ನು ನಾನು ಮರೆತಿಲ್ಲ. ಅಷ್ಟು ಹೇಳಿ ವಿಷಯಕ್ಕೆ ಬರುತ್ತೇನೆ.

ನಿನ್ನೆ ಐತವಾರ ಮಧ್ಯಾಹ್ನ ನಿನ್ನ ಮಗ ನಮ್ಮ ಬಾವಿಹೊಲಕ್ಕೆ ಬಂದಿದ್ದ. ಮೊದಲು ಗುರುತು ಸಿಗಲಿಲ್ಲ, ಗಡ್ಡ ಬಿಟ್ಟಿದ್ದಾನೆ. ಹೆಗಲಿಗೆ ಖಾಕಿ ಚೀಲ, ಕೈಯಲ್ಲಿ ಸಣ್ಣ ಸುತ್ತಿಗೆ, ಕೊರಳಲ್ಲಿ ದಾರಕ್ಕೆ ಕಟ್ಟಿದ ಭೂತಗನ್ನಡಿ. ಹೊಲದ ಹಿಂದಿನ ಗುಡ್ಡ ಹತ್ತಿ ಕಲ್ಲಿನ ಮುಂದೆ ಕುಕ್ಕರುಗಾಲಲ್ಲಿ ಕೂತ. ಟಕ್ ಟಕ್ ಬಡಿದ. ಒಂದು ಚೂರನ್ನು ನಾಲಿಗೆಗೆ ಹಚ್ಚಿ ನೋಡಿದ. ಆಮೇಲೆ ಸೀಮೆಸುಣ್ಣದಿಂದ ಬಂಡೆಯ ಮೇಲೆ ಒಂದು ಬಾಣ ಬರೆದ.

"ಯಾರಪ ನೀ, ಏನ್ ಮಾಡಾಕತ್ತಿ ಇಲ್ಲಿ?" ಎಂದೆ.

"ಮಾವಶಿ, ನಾ ಪ್ರಹ್ಲಾದ, ಮಥುರಾಬಾಯಿ ಮಗ. ಈ ಕಲ್ಲು ತೋರಸಾಕ ಐತವಾರಕ್ಕೊಮ್ಮೆ ಜೀಪಿನ್ಯಾಗ ಆರು ಮಂದೀನ ಕರ್ಕೊಂಡು ಬರ್ತೇನಿ. ನಿಮ್ಮ ಬದುವಿನ ಮ್ಯಾಲಿಂದ ಹಾದು ಹೋಗಾಕ ಬಿಡ್ರಿ" ಎಂದ.

ಕಲ್ಲು ನೋಡಲು ಮಂದಿ ಕೈಯಿಂದ ರೊಕ್ಕ ಕೊಟ್ಟು ಜೀಪು ಹತ್ತುತ್ತಾರಂತೆ. ನಾನು ಈ ಮನೆಗೆ ಸೊಸೆಯಾಗಿ ಬಂದಾಗಿನಿಂದ ಆ ಕಲ್ಲು ನೋಡುತ್ತಿದ್ದೇನೆ, ಅದರಲ್ಲಿ ನೋಡುವಂಥದ್ದು ಏನೂ ಇಲ್ಲ. ಯಾರಿಗೆ ಹೇಳುತ್ತಾನೆ ಈ ಕಥೆ?

ನನ್ನ ಭಯ ನಿನಗೆ ಬಿಡಿಸಿ ಹೇಳುತ್ತೇನೆ. ಗುಡ್ಡದ ಬುಡದಲ್ಲಿ ಬಾವಿ ಇದೆ, ಬಾವಿಯ ಪಕ್ಕ ನಮ್ಮವರ ಗದ್ದಿಗೆ ಇದೆ. ಅದು ನನ್ನ ಪಾಲು. ಗುಡ್ಡ ಮೈದುನ ನಾಗಣ್ಣನ ಪಾಲು. ನಾಲ್ಕು ತಿಂಗಳಿಂದ ಯಾರೋ ಗುತ್ತೇದಾರ ಈ ಕಡೆ ಜಲ್ಲಿ ಮಷಿನ್ ಹಾಕಲು ಕರಿಕಲ್ಲಿನ ಗುಡ್ಡ ಹುಡುಕುತ್ತಿದ್ದಾನೆ ಎಂದು ಸುದ್ದಿ. ಯಾರೂ ಅವನ ಮುಖ ನೋಡಿಲ್ಲ. ನಾಗಣ್ಣ ಗುಡ್ಡ ಕೊಟ್ಟನೆಂದರೆ ಮೇಲೆ ಮದ್ದು ಹಾರಿಸುತ್ತಾರೆ, ಕೆಳಗೆ ನಮ್ಮವರ ಗದ್ದಿಗೆ ಒಡೆಯುತ್ತದೆ. ಮಣ್ಣೊಳಗೆ ಲಿಂಗ ಹಿಡಿದು ಕೂತ ಮನುಷ್ಯನ ತಲೆಯ ಮೇಲೆ ಕಲ್ಲು ಬೀಳುವುದನ್ನು ನಾನು ಬದುಕಿದ್ದು ನೋಡಲಾರೆ.

ಅದಕ್ಕೇ ನೇರವಾಗಿ ಕೇಳುತ್ತೇನೆ. ನಿನ್ನ ಮಗನನ್ನು ಕಳಿಸಿದವರು ಯಾರು?

ಕಸ್ತೂರಿಬಾಯಿ ಶಿವರಾಯ


ಜೇವರ್ಗಿ
21 ಅಕ್ಟೋಬರ್ 1987

ಕಸ್ತೂರಿ,

ಹಬ್ಬದ ಅಭ್ಯಂಜನ ಮುಗಿಸಿ ತಲೆ ಒಣಗುವ ಮೊದಲೇ ಕೂತು ಬರೆಯುತ್ತಿದ್ದೇನೆ. ಅಷ್ಟು ಸಿಟ್ಟು ಬಂದಿದೆ ನನಗೆ. ಸಿಟ್ಟಿನ ಜೊತೆ ಸಂತೋಷವೂ ಆಯಿತು, ಅದನ್ನು ಮುಚ್ಚಿಡುವುದಿಲ್ಲ. ಬೈಯಲಿಕ್ಕಾದರೂ ಕಾಗದ ಬರೆದೆಯಲ್ಲ.

ಶಿವರಾಯರು ಹೋದಾಗ ನಮ್ಮ ಮನೆಯವರು ಹೋಗಿ ವರ್ಷ ತುಂಬಿರಲಿಲ್ಲ. ವರ್ಷದೊಳಗೆ ಹೊಸಲು ದಾಟಬಾರದೆಂದು ಮೈದುನರು, ನಾದಿನಿಯರು ನನ್ನನ್ನು ಒಳಕೋಣೆಯಲ್ಲಿ ಕೂರಿಸಿದ್ದರು. ಆಗಲೇ ಬರೆದು ತಿಳಿಸಿದ್ದೆ. ನಿಮ್ಮಲ್ಲಿ ಸೂತಕವೇ ಇಲ್ಲ, ಹಾಗಾಗಿ ನಿನಗೆ ಅದು ನೆಪದ ಹಾಗೆ ಕಂಡಿತು. ನೀನು ನಂಬಲಿಲ್ಲ. ಶಾಲೆಯಲ್ಲಿ ನನ್ನ ಬರೆಯುವ ಪಾಟಿಯನ್ನು ನಾಯಿ ಕಚ್ಚಿಕೊಂಡು ಹೋಯಿತು ಅಂದಾಗಲೂ ನಂಬಿರಲಿಲ್ಲ, ನಾಯಿಯನ್ನು ಹುಡುಕಿಕೊಂಡು ನೀನು ಆಳಂದದ ಓಣಿ ಓಣಿ ತಿರುಗಿದ್ದೆ.

ಪ್ರಹ್ಲಾದನ ವಿಷಯ. ಅವನು ಧಾರವಾಡದಲ್ಲಿ ಕಲ್ಲು ಮಣ್ಣಿನ ಶಾಸ್ತ್ರವನ್ನೇ ಓದಿದ್ದು. ಒಂದು ಗಣಿ ಕಂಪನಿಯಲ್ಲಿ ಆರು ವರ್ಷ ನೌಕರಿ ಮಾಡಿದ. ಬಿಟ್ಟು ಬಂದ. ಈಗ ಅಫಜಲಪುರದ ಹೈಸ್ಕೂಲಿನಲ್ಲಿ ಮಾಸ್ತರ. ನಮ್ಮ ಈ ನೆಲವೆಲ್ಲ ಒಂದು ಕಾಲಕ್ಕೆ ಭೂಮಿ ಬಿರಿದು ಹರಿದ ಬೆಂಕಿ ಆಗಿತ್ತಂತೆ. ಆರಿ ಕಲ್ಲಾಯಿತಂತೆ. ಅದನ್ನು ನಮ್ಮ ಮಂದಿಗೇ ತೋರಿಸಬೇಕೆಂದು ಹಟ ಹಿಡಿದಿದ್ದಾನೆ. ಬಾಡಿಗೆ ಜೀಪು, ಆರು ಜನ, ಬೆಳಿಗ್ಗೆ ಜೇವರ್ಗಿಯಿಂದ ಹೊರಟು ಅಫಜಲಪುರ, ಆಳಂದ ಮುಗಿಸಿ ಸಂಜೆಗೆ ನಿಮ್ಮ ನರೋಣಾ. ಅವನಿಗೆ ಇದರಲ್ಲಿ ಉಳಿಯುವುದು ಪೆಟ್ರೋಲಿನ ವಾಸನೆ ಮಾತ್ರ.

ಅನುಮಾನ ಇದ್ದರೆ ನೀನೇ ಒಂದು ಐತವಾರ ಜೀಪಿನಲ್ಲಿ ಕೂತು ನೋಡು. ಹಾದಿಯಲ್ಲಿ ನಮ್ಮ ಮನೆ.

ನಿನ್ನ ಮಥುರಾ


ನರೋಣಾ
2 ನವೆಂಬರ್ 1987

ಮಥುರಾಬಾಯಿಗೆ,

ಗಣಿ ಕಂಪನಿ. ನೀನೇ ಬರೆದಿದ್ದೀ, ನಾನು ಕೇಳಿರಲಿಲ್ಲ. ಆರು ವರ್ಷ ಗುಡ್ಡ ಒಡೆಯುವವರ ಅನ್ನ ತಿಂದವನು ಏಳನೇ ವರ್ಷ ಗುಡ್ಡದ ಚೆಂದ ನೋಡಲು ಬಂದನೆಂದರೆ ನಾನು ಹೂಂ ಅನ್ನಬೇಕೇ?

ನಿನ್ನ ಕಾಗದ ಬಂದ ದಿನವೇ ಗುಡ್ಡಕ್ಕೆ ಹೋಗಿ ಆ ಬಾಣ ಅಳಿಸಿದೆ. ಸೆರಗು ಒದ್ದೆ ಮಾಡಿ ಒರೆಸಿದರೆ ಸುಣ್ಣ ಇನ್ನಷ್ಟು ಹರಡಿಕೊಂಡಿತು. ಚೀಲದಲ್ಲಿ ವಿಭೂತಿ ಗಟ್ಟಿ ಇತ್ತು. ಅದನ್ನೇ ತೇಯ್ದು ಬಾಣದ ಮೇಲೆ ಮೂರು ಬೆರಳಿನಿಂದ ಬಳಿದು ಬಂದೆ, ಬಾಣ ಯಾವ ಕಡೆ ತೋರಿಸುತ್ತಿತ್ತೆಂದು ಈಗ ಯಾರಿಗೂ ತಿಳಿಯದು.

ನಿನ್ನ ಜೀಪಿಗೆ ಬರುತ್ತೇನೆ. ಎಲ್ಲರ ಹಾಗೆ ರೊಕ್ಕ ಕೊಟ್ಟೇ ಬರುತ್ತೇನೆ. ನಿನ್ನ ಮನೆಗೆ ಬರುವುದಿಲ್ಲ. ಹೊಟ್ಟೆಯಲ್ಲಿ ಅನುಮಾನ ಇಟ್ಟುಕೊಂಡು ನಿನ್ನ ಕೈಯ ಚಹಾ ಕುಡಿಯುವುದು ನನಗೆ ಆಗದ ಮಾತು.

ಕಸ್ತೂರಿಬಾಯಿ


ನರೋಣಾ
1 ಡಿಸೆಂಬರ್ 1987

ಮಥುರಾ,

ಮೊನ್ನೆ ಐತವಾರ ಹೋಗಿಬಂದೆ. ಹಿಂದಿನ ದಿನ ಗುಲ್ಬರ್ಗಾದಲ್ಲಿ ಅತ್ತೆಯ ಮಗಳ ಮನೆಯಲ್ಲಿ ಉಳಿದು, ಬೆಳಗಿನ ಮೊದಲ ಬಸ್ಸಿಗೆ ಜೇವರ್ಗಿಗೆ ಇಳಿದೆ. ಬಸ್‌ಸ್ಟ್ಯಾಂಡಿನಿಂದ ನಿನ್ನ ಓಣಿ ಕಾಣುತ್ತದೆ. ಆ ಕಡೆ ಬೆನ್ನು ಮಾಡಿ ಕೂತೆ.

ಜೀಪಿನಲ್ಲಿ ನನ್ನನ್ನು ಸೇರಿಸಿ ಆರು ಮಂದಿ. ಅಫಜಲಪುರದ ಗಂಡ ಹೆಂಡತಿ, ಹೊಸದಾಗಿ ಮದುವೆಯಾದವರು, ಅವರು ಇಡೀ ದಿನ ಒಬ್ಬರನ್ನೊಬ್ಬರು ನೋಡಿದರೇ ಹೊರತು ಕಲ್ಲು ನೋಡಲಿಲ್ಲ. ಹಜರಾಬಿ ಎಂಬ ರಿಟೈರಾದ ಟೀಚರು ಮತ್ತು ಅವರ ತಂಗಿ. ಮತ್ತೊಬ್ಬರು ಬಿಳಿ ಸಫಾರಿ ಹಾಕಿದ ಸಭ್ಯಸ್ಥರು, ಸೊಲ್ಲಾಪುರದ ಕಡೆ ಅರಿವೆ ವ್ಯಾಪಾರವಂತೆ. ಅವರು ನನ್ನ ಪಕ್ಕ ಕೂತರು. ನಿನ್ನ ಮಗ ಮುಂದೆ ಡ್ರೈವರನ ಬಾಜೂಕ್ಕೆ. ನನ್ನನ್ನು ನೋಡಿ "ಮಾವಶಿ, ಬಂದ್ರೇನು? ಛಲೋ ಆತು" ಎಂದ. ನಾನು ಬರೇ ತಲೆ ಆಡಿಸಿದೆ.

ಏನೂ ಇಲ್ಲದ ಜಾಗಗಳಲ್ಲಿ ಜೀಪು ನಿಲ್ಲಿಸಿದ, ಮಹಾರಾಯ. ನಿಮ್ಮ ಜೇವರ್ಗಿ ಆಚೆ ಒಂದು ಹಳ್ಳದ ದಂಡೆ. ಕೆಳಗೆ ಬೂದು ಬಣ್ಣದ ಶಹಾಬಾದಿ ಫರಸಿ ಕಲ್ಲು, ಮೇಲೆ ಕರಿಕಲ್ಲು. "ಕೆಳಗಿಂದು ಸಮುದ್ರದ ತಳ, ಮ್ಯಾಲಿಂದು ಬೆಂಕಿ. ಸಮುದ್ರ ಹೋಗಿ ಎಷ್ಟೋ ಕಾಲ ಆದಮ್ಯಾಲ ಬೆಂಕಿ ಬಂತು. ಇಲ್ಲಿಂದ ಪಶ್ಚಿಮಕ್ಕ ಮುಂಬೈತನಕ ಇದೇ ಕರಿಕಲ್ಲು" ಎಂದ. ಎಲ್ಲರಿಗೂ ಒಂದೊಂದು ಚೂರು ಕೊಟ್ಟ. ನಾನು ನನ್ನ ಚೂರನ್ನು ಬಿಸಿಲಿಗೆ ಹಿಡಿದು ತಿರುಗಿಸಿ ತಿರುಗಿಸಿ ನೋಡಿದೆ. ಹೊಳೆಯುವುದು ಏನೂ ಇರಲಿಲ್ಲ.

ಅಫಜಲಪುರದ ಹತ್ತಿರ ಉಂಡೆಉಂಡೆಯಾದ ಬಂಡೆಗಳು, ಉಳ್ಳಾಗಡ್ಡಿಯ ಹಾಗೆ ಪದರು ಪದರಾಗಿ ಬಿಚ್ಚುತ್ತವೆ. ಕೈಯಿಂದಲೇ ಸುಲಿದು ತೋರಿಸಿದ. ಹೀಗೇ ಸುಲಿದು ಸುಲಿದು ಪುಡಿಯಾಗಿದ್ದೇ ನಮ್ಮ ಕಪ್ಪು ಯರಿ ಮಣ್ಣಂತೆ. ಆಳಂದದ ಇತ್ತ ಕಡೆ ರಸ್ತೆಗಾಗಿ ಕಡಿದ ದಿಬ್ಬದಲ್ಲಿ ಎರಡು ಕರಿಕಲ್ಲಿನ ನಡುವೆ ಕೆಂಪು ಪಟ್ಟಿ, ಮೊಳದಷ್ಟು ದಪ್ಪ. ಹಜರಾಬಿ ಟೀಚರು ಅದೇನೆಂದು ಕೇಳಿದರು.

"ಟೀಚರ, ಮೊದಲ ಬೆಂಕಿ ಆರಿದ ಮ್ಯಾಲ ಭಾಳ ವರ್ಷ ಸುಮ್ಮನಿತ್ತರಿ. ಮಣ್ಣಾತು, ಹುಲ್ಲು ಗಿಡ ಬೆಳದಿರಬೇಕು. ಆಮ್ಯಾಲ ಮತ್ತ ಬೆಂಕಿ ಹರೀತು. ಆ ಮಣ್ಣು ಸುಟ್ಟು ಇಟ್ಟಂಗಿ ಆತು. ಅದೇ ಇದು."

"ಮತ್ತ ಬರ್ತದೇನಪ ಆ ಬೆಂಕಿ?"

"ಇಲ್ರಿ. ಆರಿ ಆರೂವರೆ ಕೋಟಿ ವರ್ಷ ಆತು."

ಟೀಚರು ಹೋಗಿ ಆ ಕೆಂಪು ಮಣ್ಣಿನ ಮೇಲೆ ಅಂಗೈ ಇಟ್ಟು ಸ್ವಲ್ಪ ಹೊತ್ತು ನಿಂತರು. ನನಗೂ ಇಡಬೇಕೆನಿಸಿತು. ಆದರೆ ನಾನು ಕೈ ಇಡಲು ಹೋದರೆ ನಿನ್ನ ಮಗನ ಚೀಲದ ಮೇಲಿನ ಕಣ್ಣು ತಪ್ಪುತ್ತದಲ್ಲ, ಅದಕ್ಕೇ ಹೋಗಲಿಲ್ಲ. ಆ ಚೀಲದಲ್ಲಿ ಏನೇನು ಹಾಕಿದ, ಏನೇನು ತೆಗೆದ, ಯಾರ ಜೊತೆ ಬದಿಗೆ ಹೋಗಿ ಮಾತಾಡಿದ, ಎಲ್ಲ ನೋಡಿದೆ. ಯಾರ ಜೊತೆಯೂ ಬದಿಗೆ ಹೋಗಲಿಲ್ಲ. ಅದೇ ನನಗೆ ಹೆಚ್ಚು ಅನುಮಾನ ಹುಟ್ಟಿಸಿತು. ಅಷ್ಟು ಹುಷಾರಾಗಿ ಇರುವವನು ಏನನ್ನೋ ಬಚ್ಚಿಟ್ಟಿರಲೇಬೇಕು.

ಇಡೀ ಜೀಪಿನಲ್ಲಿ ಭರವಸೆಯ ಮನುಷ್ಯರೆಂದರೆ ನನ್ನ ಪಕ್ಕದ ಸಫಾರಿಯವರೊಬ್ಬರೇ. ಮಧ್ಯಾಹ್ನ ಬೇವಿನ ಮರದ ಕೆಳಗೆ ಬುತ್ತಿ ಬಿಚ್ಚಿದಾಗ ಅವರಿಗೆ ಕಟಕ ರೊಟ್ಟಿ, ಶೇಂಗಾ ಕುಟ್ಟಿದ ಹಿಂಡಿ ಚಟ್ನಿ, ಪುಂಡಿಪಲ್ಯ ಕೊಟ್ಟೆ. "ಅವ್ವಾರ, ಇಂಥಾ ಹಿಂಡಿ ನಾ ತಿಂದಿಲ್ಲ" ಎಂದರು. ದನಿ ತಗ್ಗಿಸಿ "ಈ ಮಾಸ್ತರ ಖರೇನೇ ಕಲ್ಲು ತೋರಸಾಕ ಬರ್ತಾನ ಅಂತೀರೇನು?" ಎಂದು ಅವರೇ ಕೇಳಿದರು. ಅಬ್ಬ, ನನ್ನ ಹಾಗೆ ಯೋಚಿಸುವವರು ಒಬ್ಬರಾದರೂ ಸಿಕ್ಕರಲ್ಲ ಎಂದು ಜೀವಕ್ಕೆ ತಂಪಾಯಿತು. ಮನಸ್ಸಿನದೆಲ್ಲ ಹೇಳಿಕೊಂಡೆ. ಗುಡ್ಡ ಯಾರದು, ನನ್ನ ಬದು ಎಲ್ಲಿ ಮುಗಿಯುತ್ತದೆ, ಲಾರಿ ಹೋಗುವಷ್ಟು ಹಾದಿ ಯಾವ ಕಡೆ ಇದೆ, ನಾಗಣ್ಣನಿಗೆ ಈಗ ರೊಕ್ಕದ ಅಡಚಣೆ ಎಷ್ಟಿದೆ, ಯಾರಾದರೂ ಬಂದು ಕೇಳಿದರೆ ಎರಡನೇ ಮಾತಿಲ್ಲದೆ ಕೊಟ್ಟುಬಿಡುತ್ತಾನೆಂದು ನನಗೆಷ್ಟು ಹೆದರಿಕೆ. ಅವರು ಒಂದು ಮಾತೂ ನಡುವೆ ಹಾಕದೆ ಕೇಳಿದರು.

ಸಂಜೆ ನಮ್ಮ ಗುಡ್ಡ. ಮೇಲೆ ಹತ್ತಿ ನೋಡಿದರೆ ನಾನು ಅಳಿಸಿದ ಬಾಣದ ಜಾಗದಲ್ಲಿ ಅರಿಷಿಣ, ಕುಂಕುಮ, ಒಡೆದ ಕಾಯಿ. ಕುರಿ ಕಾಯುವ ಮಾಳಿಂಗಪ್ಪ ಅಲ್ಲೇ ಕೂತಿದ್ದ. "ಅವ್ವಾರ, ಕಲ್ಲಿಗೆ ವಿಭೂತಿ ಮೂಡೇದ. ಹದಿನೈದು ದಿನದಿಂದ ನಮ್ಮ ಮಂದಿ ಕಾಯಿ ಒಡ್ಯಾಕತ್ತಾರ" ಎಂದ. ನನ್ನ ಮೂರು ಬೆರಳಿನ ಗುರುತು, ಮಥುರಾ. ಕರಸ್ಥಲದ ಲಿಂಗ ಬಿಟ್ಟು ಬೇರೆಲ್ಲೂ ತಲೆ ಬಾಗದ ಮನೆತನ ನಮ್ಮದು. ಶಾಲೆಯ ಹಾದಿಯಲ್ಲಿ ಅಗಸಿ ಬಾಗಿಲ ಹನುಮಪ್ಪನಿಗೆ ನೀನು ದಿನಾ ಕೈ ಮುಗಿಯುವಾಗ ನಿನ್ನನ್ನು ಎಷ್ಟು ಆಡಿಕೊಂಡಿದ್ದೆ.

ನಿನ್ನ ಮಗ ಚಪ್ಪಲಿ ಬಿಟ್ಟ. ದೂರದಲ್ಲೇ ನಿಂತು, ಕಂಬಗಳನ್ನು ಜೋಡಿಸಿದಂತಿರುವ ಆ ಕಲ್ಲಿನ ಸಾಲನ್ನು ಎಲ್ಲರಿಗೂ ತೋರಿಸಿದ. "ಬ್ಯಾಸಗ್ಯಾಗ ಯರಿ ಹೊಲ ಬಿರೀತದಲ್ರಿ, ಹಂಗ ಬೆಂಕಿ ಆರೋವಾಗ ಬಿರಿದದ್ದು ಇವು" ಎಂದ. ಸಂದಿನಲ್ಲಿ ಬಿಳಿ ಹರಳು ತೋರಿಸಿದ. ಆದರೆ ನನ್ನ ಕಡೆ ಮಾತ್ರ ನೋಡಲಿಲ್ಲ. ತಪ್ಪಿಲ್ಲದವನು ಯಾಕೆ ನೋಡುವುದಿಲ್ಲ, ಹೇಳು.

ಕಸ್ತೂರಿಬಾಯಿ


ಜೇವರ್ಗಿ
11 ಡಿಸೆಂಬರ್ 1987

ಕಸ್ತೂರಿ,

ಬಸ್‌ಸ್ಟ್ಯಾಂಡಿನಲ್ಲಿ ಬೆನ್ನು ಮಾಡಿ ಕೂತಿದ್ದನ್ನು ನಾನು ನೋಡಿದೆ. ಪ್ರಹ್ಲಾದ ಮರೆತ ನೀರಿನ ಬಾಟಲಿ ಕೊಡಲು ಬಂದಿದ್ದೆ. ಹಸಿರು ಇಳಕಲ್ ಸೀರೆ, ಮೊದಲಿಗಿಂತ ಬಡವಾಗಿದ್ದೀ. ಕರೆಯಬೇಕೆಂದು ಬಾಯಿ ತೆರೆದೆ. ನೀನು ತಿರುಗದಿದ್ದರೆ ಎಂಬ ಹೆದರಿಕೆಗೆ ವಾಪಸು ಬಂದೆ. ಇಡೀ ದಿನ ಏನೂ ಸೇರಲಿಲ್ಲ.

ನಿನ್ನ ಕಡೆ ಯಾಕೆ ನೋಡಲಿಲ್ಲ ಎಂದು ಪ್ರಹ್ಲಾದನನ್ನೇ ಕೇಳಿದೆ. "ವಿಭೂತಿ ಯಾರು ಹಚ್ಚ್ಯಾರ ಅಂತ ನನಗ ಗೊತ್ತಾತವ್ವ. ಅವರ ಕಡೆ ನೋಡಿದ್ರ ನನಗ ನಗು ಬರ್ತಿತ್ತು" ಎಂದ. ಅಷ್ಟೇ ಅದರ ಗುಟ್ಟು.

ಗಣಿಯ ನೌಕರಿ ಯಾಕೆ ಬಿಟ್ಟನೆಂದು ನಾನು ಬರೆಯಬೇಕಿತ್ತು. ಯಾವ ಗುಡ್ಡದಲ್ಲಿ ಎಷ್ಟು ಕಲ್ಲು ಸಿಗುತ್ತದೆಂದು ಅಳೆಯುವ ಕೆಲಸ ಅವನದು. ಅವನು ಅಳೆದ ಗುಡ್ಡಗಳು ಮುಂದಿನ ಸಲ ಹೋದಾಗ ಇರುತ್ತಿರಲಿಲ್ಲ. ಒಂದು ದಿನ ಮನೆಗೆ ಬಂದು ಹಾಸಿಗೆ ಬಿಚ್ಚಿಟ್ಟ, ಮತ್ತೆ ಹೋಗಲಿಲ್ಲ.

ಈಗ ಒಂದು ಮಾತು ಕೇಳುತ್ತೇನೆ, ಸಿಟ್ಟಾಗಬೇಡ. ನಿನ್ನ ಪಕ್ಕ ಕೂತ ಆ ಸಫಾರಿಯವರು ಯಾರು? ಪ್ರಹ್ಲಾದನಿಗೆ ಅವರ ವಿಷಯ ತಲೆಯಿಂದ ಹೋಗುತ್ತಿಲ್ಲ. ಜೀಪಿಗೆ ಬರುವವರೆಲ್ಲ ಬೆಂಕಿಯ ಬಗ್ಗೆ ಏನಾದರೂ ಕೇಳುತ್ತಾರಂತೆ, ಚಿಕ್ಕ ಮಕ್ಕಳು ಕೂಡ. ಇವರು ಇಡೀ ದಿನ ಕೇಳಿದ್ದು ಒಂದೇ, ನಿಮ್ಮ ಗುಡ್ಡದ ಕಲ್ಲು ಒಳಗೆ ಎಷ್ಟು ಆಳಕ್ಕೆ ಹೋಗಿದೆ ಎಂದು. ಅದೂ ಇಳಿಯುವ ಹೊತ್ತಿಗೆ. ಅರಿವೆ ವ್ಯಾಪಾರಿಗೆ ಅದು ಯಾಕೆ ಬೇಕು? ಇವನು ಗೊತ್ತಿಲ್ಲ ಎಂದನಂತೆ.

ನೀನು ಅವರಿಗೆ ಏನೇನು ಹೇಳಿದೆ ಎಂದು ಬರೆದಿದ್ದನ್ನು ನಾನು ಪ್ರಹ್ಲಾದನಿಗೆ ಓದಿ ಹೇಳಿಲ್ಲ.

ಮಥುರಾ


ನರೋಣಾ
23 ಡಿಸೆಂಬರ್ 1987

ಮಥುರಾ,

ನಿನ್ನ ಕಾಗದ ಬಂದಾಗ ಓದಿ ಗೋಡೆಯ ಗೂಡಿಗೆ ಎಸೆದೆ. ಮಗನನ್ನು ಉಳಿಸಲು ಏನೂ ಅರಿಯದ ಮನುಷ್ಯನ ಮೇಲೆ ತಪ್ಪು ಹಾಕುತ್ತಿದ್ದಾಳೆ ಎಂದುಕೊಂಡೆ. ಇದನ್ನು ನಿನಗೆ ಹೇಳಲೇಬೇಕು, ಯಾಕೆಂದರೆ ಮುಂದಿನದು ಕೇಳಿದಾಗ ನಿನಗೆ ನನ್ನ ಮೇಲೆ ಕನಿಕರ ಬರಬಾರದು.

ಮೊನ್ನೆ ಐತವಾರ ಎಳ್ಳಮವಾಸ್ಯೆ. ಸಜ್ಜಿ ಕಡುಬು, ಭಜ್ಜಿ, ಅಂಬಲಿ ಕಟ್ಟಿಕೊಂಡು ಹೊಲಕ್ಕೆ ಹೋದೆ. ಗದ್ದಿಗೆಯ ಮುಂದೆ ಎಡೆ ಇಟ್ಟು, ಜೋಳದ ಸಾಲಿನಲ್ಲಿ ಹೊಲಕ್ಕೆ ಉಣಿಸುವ ಚರಗದ ಅನ್ನ ಚೆಲ್ಲುತ್ತ ನಡೆದೆ. ಗುಡ್ಡದ ಕಡೆ ಮಾತು ಕೇಳಿಸಿತು. ನಾಗಣ್ಣ ನಿಂತಿದ್ದ. ಅವನ ಪಕ್ಕ ಬಿಳಿ ಸಫಾರಿ.

ಅವರು ಬದುವಿನವರೆಗೆ ಇಳಿದು ಬಂದು ಕೈ ಮುಗಿದರು. "ಅವ್ವಾರ, ಆರಾಮ ಇದ್ದೀರೇನು? ನಿಮ್ಮ ಹಿಂಡಿ ರುಚಿ ಇನ್ನೂ ನಾಲಿಗಿ ಮ್ಯಾಲದ" ಎಂದರು. ಆಮೇಲೆ ನಾಗಣ್ಣನ ಕಡೆ ತಿರುಗಿ ಲಾರಿಯ ಹಾದಿ ಯಾವ ಕಡೆಯಿಂದ, ನನ್ನ ಬದು ಎಲ್ಲಿ ನಿಲ್ಲುತ್ತದೆ, ಎಲ್ಲ ತೋರಿಸಿದರು. ಒಂದೂ ತಪ್ಪಿಲ್ಲ. ನಾನು ಬೇವಿನ ಮರದ ಕೆಳಗೆ ಹೇಳಿದ ಹಾಗೆಯೇ, ನನ್ನ ಮಾತುಗಳಲ್ಲೇ ಹೇಳಿದರು. ಆ ಮುಖ ಕಾಣದ ಗುತ್ತೇದಾರ ಇವರೇ. ನಾಗಣ್ಣ ಆಗಲೇ ಹೂಂ ಅಂದಿದ್ದಾನೆ.

ನನ್ನ ಕೈಯಲ್ಲಿ ಚರಗದ ಅನ್ನ ಹಾಗೇ ಉಳಿಯಿತು. ಇಡೀ ದಿನ ನಿನ್ನ ಮಗನ ಚೀಲ ಕಾದೆ, ಮಥುರಾ. ಕಳ್ಳನಿಗೆ ನನ್ನ ಕೈಯಾರೆ ಬುತ್ತಿ ಬಿಚ್ಚಿ ಉಣಿಸಿ, ಮನೆಯ ಹಾದಿಯನ್ನೂ ಹೇಳಿಕೊಟ್ಟೆ. ನಾಚಿಕೆ ಎಂದರೆ ಏನೆಂದು ನನಗೆ ಈ ವಯಸ್ಸಿಗೆ ತಿಳಿಯಿತು.

ಅಷ್ಟರಲ್ಲಿ ಪ್ರಹ್ಲಾದನ ಜೀಪು ಬಂತು. ಅವನಿಗೆ ಎಲ್ಲ ಹೇಳಿದೆ, ಒಂದೂ ಬಿಡಲಿಲ್ಲ. ಅವನು ನನ್ನ ಕೈಯ ಪಾತ್ರೆ ಇಸಿದುಕೊಂಡು ಉಳಿದ ಚರಗ ತಾನೇ ಚೆಲ್ಲಿದ. "ಮಾವಶಿ, ತಕರಾರು ಅರ್ಜಿ ಕೊಡ್ರಿ. ಗಣಿ ಇಲಾಖಿ ಸಾಹೇಬರು ಜಾಗಾ ನೋಡಾಕ ಬರ್ತಾರ. ನಾ ಬರ್ತೇನಿ" ಎಂದ. ಬೈದಿದ್ದರೆ ಹಗುರಾಗುತ್ತಿತ್ತು.

ಅರ್ಜಿ ಕೊಟ್ಟಿದ್ದೇನೆ. ರಾತ್ರಿ ನಿದ್ದೆ ಇಲ್ಲ.

ಕಸ್ತೂರಿ


ಜೇವರ್ಗಿ
4 ಜನವರಿ 1988

ಕಸ್ತೂರಿ,

ಕನಿಕರ ಬರಬಾರದೆಂದು ಬರೆದಿದ್ದೀ. ಬಂತು, ಏನು ಮಾಡಲಿ.

ಪ್ರಹ್ಲಾದ ಕಚೇರಿಯಲ್ಲಿ ವಿಚಾರಿಸಿ ಬಂದಿದ್ದಾನೆ. ಗುಡ್ಡ ನಾಗಣ್ಣನದು, ಕೊಡುವ ಹಕ್ಕು ಅವನಿಗಿದೆ. ಕಲ್ಲು ಚೆಂದ ಇದೆ ಎಂಬ ಮಾತಿಗೆ ಅಲ್ಲಿ ಬೆಲೆಯಿಲ್ಲ. ಗದ್ದಿಗೆ ನಿನ್ನ ಹೊಲದಲ್ಲಿದೆ, ಗುಡ್ಡದಲ್ಲಿಲ್ಲ, ಹಾಗಾಗಿ ಅದೂ ಲೆಕ್ಕಕ್ಕಿಲ್ಲ. ಆದರೆ ಮದ್ದು ಹಾರಿಸುವ ಜಾಗದಲ್ಲೇ ಊರವರು ಪೂಜಿಸಿ ನಡೆದುಕೊಳ್ಳುವ ದೇವರಿದ್ದರೆ ಪರವಾನಗಿ ಕೊಡುವುದಿಲ್ಲವೆಂದು ಸಾಹೇಬರು ಅಂದರಂತೆ. ಮಾಳಿಂಗಪ್ಪನ ಮಂದಿ ಸಾಕ್ಷಿ ಹೇಳುತ್ತಾರೆ, ನಿಜ. ಆದರೆ ಅವರು ಕುರಿ ಹಿಂಡಿನ ಜೊತೆ ಇವತ್ತು ಇಲ್ಲಿ, ನಾಳೆ ಅಲ್ಲಿ. ನಾಗಣ್ಣ ಅದನ್ನೇ ಹಿಡಿಯುತ್ತಾನೆ. ಹೊಲದ ಮನೆತನದವರು ಯಾರಾದರೂ ನಡೆದುಕೊಳ್ಳುತ್ತಾರೋ ಎಂದು ಸಾಹೇಬರು ಕೇಳುತ್ತಾರೆ. ಇರುವವಳು ನೀನೊಬ್ಬಳೇ.

ಏನು ಮಾಡು ಎಂದು ನಾನು ಹೇಳಲಾರೆ. ನನಗಾದರೆ ಸಲೀಸು, ಹಾದಿಯ ಕಲ್ಲಿಗೆಲ್ಲ ಕೈ ಮುಗಿಯುವವಳು ಎಂದು ನೀನೇ ಅನ್ನುತ್ತಿದ್ದೆ. ನಿನಗೆ ಅದು ಏನೆಂದು ನನಗೆ ಗೊತ್ತು. ಜ್ವರ ಬಂದು ಮಲಗಿದಾಗಲೂ ನನ್ನ ಅಜ್ಜಿ ಗುಡಿಯಿಂದ ತಂದ ಅಂಗಾರ ಹಚ್ಚಿಸಿಕೊಳ್ಳದ ಹುಡುಗಿ ನೀನು.

ಪ್ರಹ್ಲಾದ ಇಷ್ಟೇ ಹೇಳಿದ, "ಅವರಿಗೆ ಸುಳ್ಳು ಹೇಳಂತ ಅನಬ್ಯಾಡವ್ವ."

ನಿನ್ನ ಮಥುರಾ


ನರೋಣಾ
20 ಜನವರಿ 1988

ಮಥುರಾ,

ನಿನ್ನೆ ಬಂದಿದ್ದರು. ಸಾಹೇಬರು, ಇಬ್ಬರು ಕಾರಕೂನರು, ನಾಗಣ್ಣ, ಸಫಾರಿ, ಮಾಳಿಂಗಪ್ಪನ ಕಡೆಯ ಹತ್ತು ಹನ್ನೆರಡು ಮಂದಿ, ಊರಿನ ಹಿರಿಯರು. ಪ್ರಹ್ಲಾದ ಶಾಲೆಗೆ ರಜಾ ಹಾಕಿ ಬಂದಿದ್ದ.

ಸಾಹೇಬರು ಮೊದಲು ಅವನನ್ನೇ ಕೇಳಿದರು, "ನೀವು ಕಲಿತವರು. ಇದು ದೇವರೇನು?"

"ಸಾಹೇಬ್ರ, ಇದು ಬೆಂಕಿ ಆರಿ ಆದ ಕಲ್ಲು. ನಾ ಮಂದೀನ ಕರ್ಕೊಂಡು ಬರ್ತೇನಿ, ಮಂದಿ ಇದರ ಮುಂದ ಮಾತು ನಿಲ್ಲಿಸಿ ನಿಂತು ನೋಡ್ತಾರ. ಅದಕ್ಕ ಏನಂತಾರ ನೀವೇ ಬರ್ಕೋರಿ" ಎಂದ.

ಆಮೇಲೆ ನನ್ನನ್ನು ಕೇಳಿದರು. ಯಾವಾಗಿನಿಂದ ಪೂಜೆ ಎಂದರು. "ದೀಪಾವಳಿ ಆದಮ್ಯಾಲಿಂದ್ರಿ" ಎಂದೆ. ಕೆಲವರು ನಕ್ಕರು. ನಾಗಣ್ಣ ಮುಂದೆ ಬಂದ.

"ಸಾಹೇಬ್ರ, ನಮ್ಮ ವೈನಿ ಶರಣರ ಮನೆತನದಾಕಿ. ಹುಟ್ಟಿದಾಗಿಂದ ಯಾವ ಕಲ್ಲಿಗೂ ಕೈ ಮುಗಿದಾಕಿ ಅಲ್ಲ. ಊರಾಗ ಯಾರನ್ನ ಬೇಕಾರ ಕೇಳ್ರಿ. ಈಗ ನಿಮ್ಮ ಮುಂದ ಮುಗೀಲಿ, ನಾ ಗುಡ್ಡ ಬಿಡ್ತೇನಿ."

ಅವನಿಗೆ ನನ್ನ ಮೇಲೆ ಎಷ್ಟು ನಂಬಿಕೆ ನೋಡು. ನಾನು ಯಾರನ್ನೂ ಅಷ್ಟು ನಂಬಿದವಳಲ್ಲ.

ನಾನು ಕಲ್ಲಿನ ಮುಂದೆ ಹೋಗಿ ನಿಂತೆ. ಅಲ್ಲಿಂದ ಕೆಳಗೆ ನೇರವಾಗಿ ನಮ್ಮವರ ಗದ್ದಿಗೆ ಕಾಣುತ್ತದೆ. ಅವರಿಗೇ ಮುಗಿದೆ ಎಂದು ಹೇಳಿಕೊಳ್ಳಬಹುದಿತ್ತು. ರಾತ್ರಿ ಹಾಗೆಯೇ ಹೇಳಿಕೊಳ್ಳಲು ನೋಡಿದೆ. ಆಗಲಿಲ್ಲ, ಅದು ಸುಳ್ಳು. ನಾನು ಕಲ್ಲಿಗೇ ಮುಗಿದೆ. ಸೆರಗು ಹೊದ್ದು, ಎರಡೂ ಕೈ ಜೋಡಿಸಿ, ಹಣೆ ಹಚ್ಚಿ. ಕಲ್ಲು ಬಿಸಿಲಿಗೆ ಬೆಚ್ಚಗಿತ್ತು. ಆ ದಿನ ಹಜರಾಬಿ ಟೀಚರು ಕೆಂಪು ಮಣ್ಣಿನ ಮೇಲೆ ಕೈ ಇಟ್ಟು ಯಾಕೆ ನಿಂತರೆಂದು ಆಗ ತಿಳಿಯಿತು. ಎಷ್ಟು ಹೊತ್ತು ಹಾಗೆ ಇದ್ದೆನೋ. ಪ್ರಹ್ಲಾದ ಬಂದು ಭುಜ ಹಿಡಿದು ಎಬ್ಬಿಸಿದ.

ಸಾಹೇಬರು ಪರವಾನಗಿ ಇಲ್ಲ ಎಂದು ಬರೆದುಕೊಂಡು ಹೋದರು. ನಾಗಣ್ಣ ನನ್ನನ್ನು ನೋಡಿದ ನೋಟ ಮರೆಯಲಾರೆ. ಗುಡ್ಡ ಕೈಬಿಟ್ಟಿತೆಂಬ ಸಿಟ್ಟಲ್ಲ ಅದು. ಅಣ್ಣನ ಹೆಂಡತಿ ಕೆಳಗೆ ಬಿದ್ದಳೆಂಬ ನೋವು.

ಇವತ್ತು ಬೆಳಿಗ್ಗೆ ಲಿಂಗಪೂಜೆಗೆ ಕೂತೆ. ಅಂಗೈಯಲ್ಲಿ ಲಿಂಗ ಇಟ್ಟುಕೊಂಡು ಕಣ್ಣು ಎತ್ತಲಾಗಲಿಲ್ಲ. ಅತ್ತುಬಿಟ್ಟೆ. ಮಾಡಿದ್ದಕ್ಕೆ ಪಶ್ಚಾತ್ತಾಪವಿಲ್ಲ, ಮತ್ತೆ ಕರೆದು ಕೇಳಿದರೂ ಮುಗಿಯುತ್ತೇನೆ. ಆದರೂ ಅತ್ತೆ. ಇದನ್ನು ನಿನಗಲ್ಲದೆ ಯಾರಿಗೆ ಹೇಳಲಿ. ನಗಬೇಡ.

ನಿನ್ನ ಕಸ್ತೂರಿ


ಜೇವರ್ಗಿ
27 ಜನವರಿ 1988

ಕಸ್ತೂರಿ,

ನಗಲಿಲ್ಲ. ಇಲ್ಲಿಯ ಅಗಸಿಯಲ್ಲೂ ಒಬ್ಬ ಹನುಮಪ್ಪ ಇದ್ದಾನೆ, ನಿನ್ನ ಕಾಗದ ಬಂದ ದಿನ ಅವನ ಮುಂದೆ ಹೋಗಿ ನಿಂತೆ. ಮೊದಲ ಸಲ ಕೈ ಮುಗಿಯದೆ ಸುಮ್ಮನೆ ನೋಡಿದೆ. ಅವನೂ ಕರಿಕಲ್ಲೇ. ಪ್ರಹ್ಲಾದ ಯಾವಾಗಲೋ ಹೇಳಿದ್ದ, ಕಿವಿಗೆ ಹಾಕಿಕೊಂಡಿರಲಿಲ್ಲ.

ಪ್ರಹ್ಲಾದನಿಗೆ ಒಂದು ಬೇಜಾರಿದೆ. ನಿನಗೆ ಹೇಳಬೇಡ ಎಂದಿದ್ದಾನೆ, ಅದಕ್ಕೇ ಹೇಳುತ್ತಿದ್ದೇನೆ. ಎಣ್ಣೆ, ಅರಿಷಿಣ, ಕುಂಕುಮದಲ್ಲಿ ಕಂಬದ ಸಾಲು ಮುಚ್ಚಿಹೋಗಿದೆಯಂತೆ. ಬಿಳಿ ಹರಳು ಒಂದೂ ಕಾಣುವುದಿಲ್ಲವಂತೆ. "ಉಳೀತಲ್ಲವ್ವ, ಸಾಕು" ಅನ್ನುತ್ತಾನೆ. ಆದರೆ ಈಗ ಜೀಪನ್ನು ಆಳಂದದಿಂದಲೇ ತಿರುಗಿಸುತ್ತಿದ್ದಾನೆ.

ಮಥುರಾ


ನರೋಣಾ
7 ಮಾರ್ಚ್ 1988

ಮಥುರಾ,

ನಿನ್ನ ಮಗನಿಗೆ ಹೇಳು, ಇನ್ನೊಮ್ಮೆ ಆಳಂದದಿಂದ ಜೀಪು ತಿರುಗಿಸಿದರೆ ಕಾಲು ಮುರಿಯುತ್ತೇನೆ ಅಂತ. ನಾನು ಕಾಗದ ಬರೆದು ಕರೆಸಿದ ಮೇಲೆ ಬರುತ್ತಿದ್ದಾನೆ, ನಿನ್ನೆಯೂ ಬಂದಿದ್ದ, ಹೋಗುವಾಗ ಹಿಂಡಿ ಕಟ್ಟಿ ಕೊಟ್ಟಿದ್ದೇನೆ, ನಿನಗೆ ಮುಟ್ಟಿಸುತ್ತಾನೆ.

ಈಗ ನನ್ನ ಐತವಾರ ಹೀಗೆ. ಬೆಳಿಗ್ಗೆ ಲಿಂಗಪೂಜೆ ಮುಗಿಸಿ ಎರಡು ಕೊಡ ನೀರು, ಸೀಗೆಕಾಯಿ, ತೆಂಗಿನ ನಾರು ತೆಗೆದುಕೊಂಡು ಗುಡ್ಡಕ್ಕೆ ಹೋಗುತ್ತೇನೆ. ವಾರದ ಎಣ್ಣೆ ಕುಂಕುಮವೆಲ್ಲ ತಿಕ್ಕಿ ತಿಕ್ಕಿ ತೊಳೆಯುತ್ತೇನೆ. ಸಂದಿಯ ಹರಳುಗಳಿಗೆ ನಾರು ಹಾಕುವುದಿಲ್ಲ, ಬೆರಳಿನಿಂದ ತೊಳೆಯುತ್ತೇನೆ, ಇಲ್ಲದಿದ್ದರೆ ಉದುರುತ್ತವೆ. ಮಾಳಿಂಗಪ್ಪ ಮೊದಲು ಮುಖ ಗಂಟು ಹಾಕಿಕೊಂಡ. "ದೇವರಿಗೂ ವಾರಕ್ಕೊಮ್ಮೆ ಎರಕೊಳ್ಳೋದು ಬ್ಯಾಡೇನಲೇ" ಎಂದೆ. ಈಗ ಅವನೇ ಒಂದು ಕೊಡ ಹೊತ್ತು ತರುತ್ತಾನೆ. ಜೀಪು ಬಂದು ಹೋದ ಮೇಲೆ, ಕತ್ತಲಾಗುವ ಮೊದಲು, ವಿಭೂತಿ ತೇಯ್ದು ಮೂರು ಬೆರಳಿನಿಂದ ಮತ್ತೆ ಬಳಿದು ಬರುತ್ತೇನೆ. ಆ ಸಫಾರಿಯ ಜೀಪು ಹೋದ ವಾರವೂ ಹಾದಿಯಲ್ಲಿ ನಿಧಾನ ಮಾಡಿ ಹೋಯಿತು.

ನನ್ನ ಅನುಮಾನ ಹೋಯಿತೆಂದು ತಿಳಿಯಬೇಡ. ನಿನ್ನೆ ಬಂದವರಲ್ಲಿ ಒಬ್ಬ ದಪ್ಪ ಮೀಸೆಯವನಿದ್ದ, ಬೆಂಕಿಯ ಬಗ್ಗೆ ಏನೂ ಕೇಳಲಿಲ್ಲ. ಅವನ ಪಕ್ಕ ಕೂತು ಎರಡು ರೊಟ್ಟಿ ಹೆಚ್ಚಿಗೆ ಹಾಕಿದೆ. ಬಾಯಿ ಮಾತ್ರ ಬಿಡಲಿಲ್ಲ.

ಮುಂದಿನ ಐತವಾರ ನಿನ್ನ ಮನೆಯ ಮುಂದೆ ಜೀಪು ನಿಲ್ಲಿಸಲು ಹೇಳಿದ್ದೇನೆ. ಅದನ್ನು ಹತ್ತಿ ಬಾ. ನಾನು ಬೆಳಿಗ್ಗೆ ತೊಳೆದಿಟ್ಟ ಕಲ್ಲನ್ನು ಮೊದಲು ನೋಡು, ಕತ್ತಲಾಗುವ ಹೊತ್ತಿಗೆ ನಾನು ವಿಭೂತಿ ಹಚ್ಚಿದ ಮೇಲೆ ಬೇಕಾದರೆ ಕೈ ಮುಗಿ. ಆಡಿಕೊಳ್ಳುವುದಿಲ್ಲ. ನಾನೂ ಪಕ್ಕದಲ್ಲಿ ನಿಂತಿರುತ್ತೇನೆ.

ರಾತ್ರಿ ಇಲ್ಲೇ ಉಳಿಯಬೇಕು. ಚಹಾಕ್ಕೆ ಬೆಲ್ಲ ಹಾಕುತ್ತೀಯೋ ಸಕ್ಕರೆಯೋ ಮರೆತಿದ್ದೇನೆ, ಎರಡೂ ತರಿಸಿಟ್ಟಿದ್ದೇನೆ.

ನಿನ್ನ ಕಸ್ತೂರಿ